ಪ್ಯೂಬ್ಲೊ ಬ್ರೆಡ್: ಮಣ್ಣಿನ ಗೂಡೊಲೆಯ ರೊಟ್ಟಿ ನಮ್ಮ ಅಡುಗೆಮನೆಯಲ್ಲಿ

ಈ ವಾರ ಕೀಟವೂ ಇಲ್ಲ, ಗೊಬ್ಬರವೂ ಇಲ್ಲ. ಬ್ರೆಡ್ ಮಾಡೋಣ. ಅದೂ ನಮ್ಮೂರ ಬೇಕರಿ ಬ್ರೆಡ್ ಅಲ್ಲ, ಅಮೆರಿಕದ ನ್ಯೂ ಮೆಕ್ಸಿಕೊ ರಾಜ್ಯದಲ್ಲಿ ಪ್ಯೂಬ್ಲೊ ಜನ ಮಣ್ಣಿನ ಗೂಡೊಲೆಯಲ್ಲಿ ಬೇಯಿಸುವ ಬ್ರೆಡ್. ಕೃಷಿ ಪುಟದಲ್ಲಿ ಇದ್ಯಾಕೆ ಅಂತ ಕೇಳ್ತೀರಿ, ಗೊತ್ತು.

ನಮ್ಮ ಮನೆಯಲ್ಲಿ ಹಿಂಗಾರಿಗೆ ಎರಡು ಎಕರೆ ಜವೆ ಗೋಧಿ ಇದ್ದೇ ಇರುತ್ತೆ. ಅಜ್ಜನ ಕಾಲದಿಂದ ಬಂದ ರೂಢಿ. ನಾನು ತೋಟಗಾರಿಕೆ ಓದಿ, ಊರಿಗೆ ವಾಪಸ್ ಬಂದು, ಸಾವಯವ ಶುರು ಮಾಡಿದ ಮೇಲೂ ಅದನ್ನು ಬಿಟ್ಟಿಲ್ಲ. ಬೆಳೆಯೋದು ಕಷ್ಟವಲ್ಲ, ತುಕ್ಕು ರೋಗಕ್ಕೆ ಅದು ಅಷ್ಟಾಗಿ ಜಗ್ಗಲ್ಲ. ಕಷ್ಟ ಇರೋದು ಮಾರೋದ್ರಲ್ಲಿ. ಹುಗ್ಗಿಗೆ, ಮಾದಲಿಗೆ ಬೇಕು ಅನ್ನೋರು ಐದೈದು ಕೆ.ಜಿ. ಒಯ್ಯುತ್ತಾರೆ. ಬೆಂಗಳೂರು ಕಡೆಯಿಂದ ಫೋನ್ ಮಾಡೋರು ಕೇಳೋದು ಒಂದೇ ಮಾತು: "ಇದರಲ್ಲಿ ಬ್ರೆಡ್ ಆಗುತ್ತಾ?" ನಾನು ಮೊದಮೊದಲು "ಆಗುತ್ತೆ" ಅಂದೆ. ಮಾಡಿ ನೋಡದೇ ಹೇಳಿದ ಮಾತು ಅದು. ಒಬ್ಬರು ಮಾಡಿ, ಫೋಟೊ ಕಳಿಸಿ, "ಇದರಿಂದ ಗೋಡೆ ಕಟ್ಟಬಹುದು" ಅಂತ ಬರೆದರು. ಆವತ್ತಿಂದ ಬ್ರೆಡ್ ಕಲಿಯಲೇಬೇಕು ಅಂತ ಹಟಕ್ಕೆ ಬಿದ್ದೆ.

ಕಲಿತದ್ದು ಮಾತ್ರ ಎಲ್ಲೋ. ಎರಡು ವರ್ಷದ ಹಿಂದೆ ಅಕ್ಕನ ಬಾಣಂತನಕ್ಕೆ ಅಂತ ಅವ್ವನನ್ನು ಕರೆದುಕೊಂಡು ನ್ಯೂ ಮೆಕ್ಸಿಕೊದ ಅಲ್ಬುಕರ್ಕಿಗೆ ಹೋಗಿದ್ದೆ. ಒಂದು ಭಾನುವಾರ ಭಾವ ನಮ್ಮನ್ನು ಉತ್ತರಕ್ಕೆ, ಹೇಮೆಸ್ ಪ್ಯೂಬ್ಲೊ ಕಡೆಗೆ ಕರೆದೊಯ್ದರು. ಅಲ್ಲಿ ಕೆಂಪು ಬಂಡೆಗಳ ಕೆಳಗೆ, ರಸ್ತೆ ಬದಿಯಲ್ಲಿ, ಹಳ್ಳಿಯ ಹೆಂಗಸರು ಬ್ರೆಡ್ ಮಾರುತ್ತಿರುತ್ತಾರೆ. ದುಂಡಗೆ, ಮೇಲೆ ಕಂದು, ತಳಕ್ಕೆ ಅಲ್ಲಲ್ಲಿ ಬೂದಿಯ ಗುರುತು. ಅವ್ವ ಒಂದನ್ನು ಕೈಯಲ್ಲಿ ಹಿಡಿದು ಒತ್ತಿ ನೋಡಿದಳು, ಮುರಿದಳು, ಮೂಸಿದಳು. "ಒಲೀ ವಾಸನಿ ಐತಿ ನೋಡ್ ಇದಕ" ಅಂದಳು. ಅಮೆರಿಕಕ್ಕೆ ಹೋದ ಮೇಲೆ ಅವ್ವ ಮನಸಾರೆ ತಿಂದ ಮೊದಲ ತಿನಿಸು ಅದು.

ಯಾರು ಇವರು, ಗೋಧಿ ಎಲ್ಲಿಂದ ಬಂತು

ಪ್ಯೂಬ್ಲೊ ಅಂದರೆ ಸ್ಪ್ಯಾನಿಷ್‌ನಲ್ಲಿ ಊರು, ಹಳ್ಳಿ. ಮಾಳಿಗೆ ಮನೆಗಳಲ್ಲಿ ಒತ್ತೊತ್ತಾಗಿ ಇದ್ದ ಈ ಮೂಲನಿವಾಸಿಗಳನ್ನು ಕಂಡು ಸ್ಪೇನಿನವರು ಇಟ್ಟ ಹೆಸರು. ನ್ಯೂ ಮೆಕ್ಸಿಕೊದಲ್ಲಿ ಈಗ ಇಂಥ 19 ಪ್ಯೂಬ್ಲೊಗಳಿವೆ: ಟಾವೋಸ್, ಅಕೋಮಾ, ಝೂನಿ, ಇಸ್ಲೆಟಾ, ಸಾಂತಾ ಕ್ಲಾರಾ ಹೀಗೆ. ಎಲ್ಲರ ಭಾಷೆ ಒಂದೇ ಅಲ್ಲ. ತೇವಾ, ತೀವಾ, ತೋವಾ, ಕೆರೆಸ್, ಝೂನಿ ಅಂತ ಬೇರೆ ಬೇರೆ. ಪಕ್ಕದ ಅರಿಝೋನಾದ ಹೋಪಿಗಳೂ ಇದೇ ಬಳಗ.

ಇವರ ಮೂಲ ಬೆಳೆ ಮೆಕ್ಕೆಜೋಳ, ಬೀನ್ಸ್, ಕುಂಬಳ. ಗೋಧಿ ಇರಲೇ ಇಲ್ಲ. ಹೋಪಿಗಳು ಇವತ್ತಿಗೂ ನೀಲಿ ಮೆಕ್ಕೆಜೋಳದ ಹಿಟ್ಟಿಗೆ ಬೂದಿನೀರು ಬೆರೆಸಿ, ಕಾದ ಕಲ್ಲಿನ ಮೇಲೆ ಬರಿಗೈಯಲ್ಲಿ ಸವರಿ, ಕಾಗದದಷ್ಟು ತೆಳ್ಳಗೆ 'ಪಿಕಿ' ಅನ್ನೋ ರೊಟ್ಟಿ ಮಾಡುತ್ತಾರೆ. ಹಳೇ ರೊಟ್ಟಿ ಅಂದರೆ ಅದು. ಯೀಸ್ಟ್ ಹಾಕಿ ಉಬ್ಬಿಸೋ ಬ್ರೆಡ್ ಬಂದಿದ್ದು ಸ್ಪೇನಿನವರ ಜೊತೆ. 1598ರಲ್ಲಿ ಹ್ವಾನ್ ದೆ ಒನ್ಯಾತೆ ಅನ್ನೋನು ವಸಾಹತು ಹೂಡಿದಾಗ ಗೋಧಿ, ಕುರಿ, ಹಂದಿ, ಮಣ್ಣಿನ ಗೂಡೊಲೆ ಎಲ್ಲ ಬಂದವು. ಆ ಒಲೆಗೆ 'ಓರ್ನೊ' ಅಂತ ಹೆಸರು. ಸ್ಪೇನಿಗೆ ಆ ಆಕಾರ ಬಂದಿದ್ದು ಉತ್ತರ ಆಫ್ರಿಕಾದ ಮೂರ್ ಜನರಿಂದ. ಅಂದಹಾಗೆ, ಗೋವಾದ ಪೋದೇರರು ಪಾವ್ ಬೇಯಿಸೋ ಕಟ್ಟಿಗೆ ಒಲೆಗೆ 'ಫೋರ್ನ್' ಅಂತಾರಲ್ಲ, ಎರಡೂ ಒಂದೇ ಲ್ಯಾಟಿನ್ ಪದದ ಮಕ್ಕಳು. ನಮ್ಮ ಕರಾವಳಿಗೆ ಪೋರ್ಚುಗೀಸರು ತಂದರು, ಅವರ ಮರುಭೂಮಿಗೆ ಸ್ಪೇನಿನವರು ತಂದರು.

ಆದರೆ ಸುಮ್ಮನೆ ತಂದುಕೊಟ್ಟು ಹೋದರು ಅಂದುಕೊಳ್ಳಬೇಡಿ. ಬಿಟ್ಟಿ ದುಡಿಮೆ, ಕಪ್ಪ, ಪೂಜೆ ಕುಣಿತಗಳಿಗೆ ನಿಷೇಧ, ಇದೆಲ್ಲದರ ಜೊತೆ ಬಂದ ಗೋಧಿ ಅದು. 1680ರಲ್ಲಿ ಪೊಪೆ ಎಂಬ ಮುಖಂಡನ ನೇತೃತ್ವದಲ್ಲಿ ಪ್ಯೂಬ್ಲೊಗಳು ಒಟ್ಟಾಗಿ ದಂಗೆ ಎದ್ದು ಸ್ಪೇನಿನವರನ್ನು ಓಡಿಸಿಬಿಟ್ಟರು. ಆಮೇಲೆ ಸೆರೆಸಿಕ್ಕವರಿಂದ ಸ್ಪೇನಿನ ಅಧಿಕಾರಿಗಳು ಬರೆಸಿಕೊಂಡ ಹೇಳಿಕೆಯಲ್ಲಿ ಒಂದು ವಿಷಯ ಬರುತ್ತದೆ. ಸ್ಪೇನಿನವರು ಬಿತ್ತುತ್ತಿದ್ದ ಬೀಜಗಳನ್ನೆಲ್ಲ ಸುಟ್ಟುಬಿಡಿ, ನಮ್ಮ ಹಿರಿಯರ ಮೆಕ್ಕೆಜೋಳ, ಬೀನ್ಸ್ ಮಾತ್ರ ಬಿತ್ತಿ ಅಂತ ಪೊಪೆ ಅಪ್ಪಣೆ ಕೊಟ್ಟಿದ್ದನಂತೆ. ಬೀಜದ ವಿಷಯದಲ್ಲಿ ಇಷ್ಟು ಖಡಕ್ಕಾಗಿ ಮಾತಾಡಿದ ಬಂಡಾಯ ಇನ್ನೊಂದು ನನಗೆ ಗೊತ್ತಿಲ್ಲ.

ಹನ್ನೆರಡು ವರ್ಷಕ್ಕೆ, 1692ರಲ್ಲಿ, ಸ್ಪೇನಿನವರು ಮತ್ತೆ ಬಂದರು. ಗೋಧಿಯೂ ಉಳೀತು. ಒತ್ತಾಯಕ್ಕೆ ಮಾತ್ರ ಉಳೀತು ಅಂತ ನನಗೆ ಅನ್ನಿಸಲ್ಲ. ಬೆಳೆ ದೃಷ್ಟಿಯಿಂದ ನೋಡಿ: ಗೋಧಿ ಚಳಿ ತಡೆಯುತ್ತದೆ, ಮೆಕ್ಕೆಜೋಳಕ್ಕಿಂತ ಮೊದಲೇ ಕೊಯ್ಲಿಗೆ ಬರುತ್ತದೆ. ಹಳೇ ಜೋಳ ಮುಗಿದು ಹೊಸ ಜೋಳ ಇನ್ನೂ ಬಾರದ ತಿಂಗಳುಗಳಲ್ಲಿ ಮನೆಗೆ ಕಾಳು ಬರುತ್ತೆ ಅಂದರೆ ಯಾವ ರೈತ ಬೇಡ ಅಂತಾನೆ? ಶತ್ರು ತಂದಿದ್ದಾದರೂ ಹೊಟ್ಟೆಗೆ ಆಗಿ ಬಂತು. ಕಾಲುವೆ ತಿರುಗಿಸಿ ನೀರು ಕಟ್ಟಿದರು, ಕಣ ಮಾಡಿ ಕುದುರೆ ಕಾಲಲ್ಲಿ ತುಳಿಸಿ ರಾಶಿ ಮಾಡಿದರು. ಒಲೆ ಹೆಂಗಸರ ಕೈಗೆ ಬಂತು, ಊರಹಬ್ಬಕ್ಕೆ ಬ್ರೆಡ್ ಇಲ್ಲದೆ ಆಗಲ್ಲ ಅನ್ನೋ ಹಾಗಾಯ್ತು.

ಈಗಲೂ ಹಾಗೇ. ಪ್ರತಿ ಪ್ಯೂಬ್ಲೊಗೂ ಒಬ್ಬ ಸಂತನ ಹೆಸರಲ್ಲಿ ವರ್ಷಕ್ಕೊಂದು ಹಬ್ಬ. ಅಕೋಮಾದಲ್ಲಿ ಸೆಪ್ಟೆಂಬರ್ 2, ಟಾವೋಸ್‌ನಲ್ಲಿ ಸೆಪ್ಟೆಂಬರ್ 30, ಹೇಮೆಸ್‌ನಲ್ಲಿ ನವೆಂಬರ್ 12. ಹೆಸರು ಸಂತನದು, ಕುಣಿತ ಮಾತ್ರ ಅವರ ಹಿರಿಯರದು. ಆವತ್ತು ಮನೆ ಮನೆಯಲ್ಲಿ ಬಂದವರಿಗೆಲ್ಲ ಊಟ: ಕೆಂಪು ಮೆಣಸಿನಕಾಯಿಯ ಮಾಂಸದ ಸಾರು, ಸುಣ್ಣದ ನೀರಲ್ಲಿ ಬೇಯಿಸಿದ ಮೆಕ್ಕೆಜೋಳದ 'ಪೊಸೋಲೆ', ಪಕ್ಕದಲ್ಲಿ ಬ್ರೆಡ್ ರಾಶಿ. ಕೆಲವು ಊರುಗಳಲ್ಲಿ ಸಂತನ ಹೆಸರಿಟ್ಟುಕೊಂಡವರ ಮಾಳಿಗೆ ಮೇಲಿಂದ ಬ್ರೆಡ್ಡು, ತಿಂಡಿ, ಸಾಮಾನು ಎಲ್ಲ ಕೆಳಗಿನ ಜನರಿಗೆ ತೂರುತ್ತಾರೆ. ನೀವು ಯಾವತ್ತಾದರೂ ಹೋದರೆ ಒಂದು ಮಾತು: ಕ್ಯಾಮೆರಾ ಕಾರಲ್ಲೇ ಬಿಡಿ. ಹಬ್ಬದ ದಿನ ಫೋಟೊಗೆ ಬಹುತೇಕ ಕಡೆ ನಿಷೇಧ. ಕುಣಿತ ಮುಗಿದಾಗ ಚಪ್ಪಾಳೆ ತಟ್ಟೋದೂ ತಪ್ಪು, ಅದು ಪೂಜೆ, ಆಟ ಅಲ್ಲ.

'ಫ್ರೈ ಬ್ರೆಡ್' ಅಂತ ಇನ್ನೊಂದಿದೆ, ಎಣ್ಣೆಯಲ್ಲಿ ಕರಿದ ಪೂರಿ ಥರದ್ದು. ಅದರ ಕಥೆ ಬೇರೆ. 1864ರಲ್ಲಿ ನವಾಹೊ ಜನರನ್ನು ಊರು ಬಿಡಿಸಿ ನಡೆಸಿಕೊಂಡು ಹೋಗಿ ಕೂಡಿಹಾಕಿದಾಗ ಸಿಕ್ಕ ಪಡಿತರದ ಮೈದಾ, ಕೊಬ್ಬಿನಿಂದ ಹುಟ್ಟಿದ್ದು ಅಂತಾರೆ. ಎರಡನ್ನೂ ಒಂದೇ ಮಾಡಬೇಡಿ.

ತಿನಿಸು ಉಳೀತು, ಬೆಳೆ ಹೋಯ್ತು

ಹೇಮೆಸ್ ರಸ್ತೆಯಲ್ಲಿ ನಾನು ಕೃಷಿಕಳ ಬುದ್ಧಿ ತೋರಿಸಿ ಕೇಳಿದೆ, "ಈ ಗೋಧಿ ನಿಮ್ಮ ಹೊಲದ್ದಾ?" ಆಕೆ ನಕ್ಕು ಹಿಂದಿದ್ದ ಬಟ್ಟೆ ಚೀಲ ತೋರಿಸಿದಳು. ಅಂಗಡಿ ಮೈದಾ. ಆ ಸೀಮೆಯಲ್ಲಿ ಕೊಲೊರಾಡೊದ ಕಾರ್ಟೆಝ್ ಮಿಲ್ಲಿನ 'ಬ್ಲೂ ಬರ್ಡ್' ಹಿಟ್ಟು ಬಹಳ ಜನಪ್ರಿಯ. ಹತ್ತಿ ಚೀಲದಲ್ಲಿ ಬರುತ್ತೆ, ನಮ್ಮಲ್ಲಿ ಹಿಂದೆ ಸಕ್ಕರೆ ಚೀಲ ಬಿಚ್ಚಿ ಹೊಲಿಯುತ್ತಿದ್ದ ಹಾಗೆ ಅಲ್ಲಿ ಆ ಚೀಲದಲ್ಲೂ ಏನೇನೋ ಹೊಲಿಯುತ್ತಾರೆ.

1880ರಲ್ಲಿ ಅಲ್ಬುಕರ್ಕಿಗೆ ರೈಲು ಬಂತು. ದೂರದ ಬಯಲುಸೀಮೆಯ ಮಿಲ್ ಹಿಟ್ಟು ಅಗ್ಗಕ್ಕೆ ಬಂತು. ನೀರು ಕಟ್ಟಿ, ಕೊಯ್ದು, ಒಕ್ಕಿ, ಬೀಸೋದಕ್ಕಿಂತ ಚೀಲ ತರೋದು ಸಲೀಸು. ಒಲೆ ಅದೇ, ಕೈ ಅದೇ, ಹಬ್ಬ ಅದೇ, ಹೊಲದಲ್ಲಿ ಮಾತ್ರ ಗೋಧಿ ಕಡಿಮೆಯಾಗ್ತಾ ಬಂತು. ಇದನ್ನು ಕೇಳಿದಾಗ ನನಗೆ ಹೊಟ್ಟೆಯಲ್ಲಿ ಒಂಥರಾ ಆಯ್ತು. ನಮ್ಮೂರಲ್ಲೂ ಹೋಳಿಗೆ ಉಳಿದಿದೆ, ಹೋಳಿಗೆಯ ಗೋಧಿ ಎಷ್ಟು ಜನರ ಹೊಲದಲ್ಲಿದೆ? ಅಡುಗೆ ಉಳಿದರೆ ಬೆಳೆ ತಾನಾಗೇ ಉಳಿಯುತ್ತೆ ಅಂತ ನಾನು ಸಾವಯವ ಸಭೆಗಳಲ್ಲಿ ಭಾಷಣ ಮಾಡುತ್ತಿದ್ದೆ. ಈಗ ಮಾಡಲ್ಲ.

ಪ್ಯೂಬ್ಲೊಗಳೇನು ಕೈಕಟ್ಟಿ ಕೂತಿಲ್ಲ. ಟೆಸುಕಿ ಪ್ಯೂಬ್ಲೊದವರು ತಮ್ಮ ಹೊಲದಲ್ಲೇ ಬೀಜ ಬ್ಯಾಂಕ್ ಕಟ್ಟಿಕೊಂಡಿದ್ದಾರೆ. 2006ರಲ್ಲಿ ನ್ಯೂ ಮೆಕ್ಸಿಕೊದ ಮೂಲನಿವಾಸಿ ರೈತರೂ ಕಾಲುವೆ ರೈತರೂ ಸೇರಿ ಬೀಜ ಸ್ವಾತಂತ್ರ್ಯದ ಘೋಷಣೆ ಹೊರಡಿಸಿದರು. ಕುಲಾಂತರಿ ಬೆಳೆಯ ಪರಾಗ ತಮ್ಮ ಮೆಕ್ಕೆಜೋಳಕ್ಕೆ ತಾಗಬಾರದು ಅನ್ನೋದು ಅವರ ಮುಖ್ಯ ಚಿಂತೆ. 1680ರ ಅಪ್ಪಣೆ ನೆನಪಾಗುತ್ತೆ.

ಒಲೆಯ ಗುಟ್ಟು: ಇಳಿಯೋ ಶಾಖ

ಮನೆಯಲ್ಲಿ ಮಾಡೋಕೆ ಮೊದಲು ಓರ್ನೊ ಹೇಗೆ ಕೆಲಸ ಮಾಡುತ್ತೆ ತಿಳಿಯಬೇಕು, ಇಲ್ಲಾಂದ್ರೆ ಬರೀ ಅಳತೆ ಹಿಡಿದು ಕೂರ್ತೀರಿ.

ಜೇನುಗೂಡಿನ ಆಕಾರ. ಮುಂದೆ ಒಂದು ಬಾಯಿ, ಹಿಂದೆ ಮೇಲ್ಗಡೆ ಒಂದು ಹೊಗೆಗಂಡಿ. ಮಣ್ಣಿನ ಇಟ್ಟಿಗೆ ಕಟ್ಟಿ ಮೇಲೆ ಹುಲ್ಲು ಬೆರೆಸಿದ ಮಣ್ಣು ಮೆತ್ತಿರುತ್ತಾರೆ. ಮಳೆಗೆ ತೊಳೆದು ಹೋಗೋದರಿಂದ ಆಗಾಗ ಮತ್ತೆ ಮೆತ್ತಬೇಕು. ಹಿಂದಿನ ದಿನ ಸಂಜೆ ದೊಡ್ಡ ಬೋಗುಣಿಯಲ್ಲಿ ಹಿಟ್ಟು ನಾದಿ, ಬಟ್ಟೆ ಮುಚ್ಚಿ, ರಾತ್ರಿಯಿಡೀ ಬಿಡುತ್ತಾರೆ. ಬೆಳಗಾಗೋ ಹೊತ್ತಿಗೆ ಒಲೆಯೊಳಗೇ ಕಟ್ಟಿಗೆ ಹೊತ್ತಿಸ್ತಾರೆ. ಅಲ್ಲಿ ಜುನಿಪರ್, ಪಿನ್ಯೋನ್ ಕಟ್ಟಿಗೆ. ಒಂದೆರಡು ಗಂಟೆ ಉರಿದು ಒಳಗೋಡೆ ಶಾಖ ಕುಡಿದ ಮೇಲೆ ಕೆಂಡ, ಬೂದಿ ಎಲ್ಲ ಹೊರಗೆ ಎಳೆದು, ಒದ್ದೆ ಸೊಪ್ಪಿನ ಕಟ್ಟಿಂದಲೋ ಒದ್ದೆ ಬಟ್ಟೆಯಿಂದಲೋ ತಳ ಒರೆಸುತ್ತಾರೆ. ಒಳಗೆ ಕಾಗದದ ಚೂರೋ ಹಿಟ್ಟೋ ಎಸೆದು ನೋಡ್ತಾರೆ. ಕಪ್ಪಾದರೆ ಇನ್ನೂ ತಡೀಬೇಕು, ನಿಧಾನ ಕಂದಾದರೆ ಸರಿ. ಆಮೇಲೆ ಉದ್ದ ಹಿಡಿಯ ಮರದ ಹುಟ್ಟಿನ ಮೇಲಿಟ್ಟು ಬ್ರೆಡ್ ಒಳಗೆ ದೂಡಿ, ಬಾಯಿ ಮುಚ್ಚಿ, ಒದ್ದೆ ಗೋಣಿ ಹೊದಿಸುತ್ತಾರೆ. ಸುಮಾರು ಮುಕ್ಕಾಲು ಗಂಟೆಯಿಂದ ಒಂದು ಗಂಟೆ.

ನೋಡಿ, ಒಳಗೆ ಬೆಂಕಿ ಇಲ್ಲ. ಮಣ್ಣು ಕುಡಿದ ಶಾಖ ಮಾತ್ರ. ಶುರುವಿಗೆ ಜೋರು, ಹೋಗ್ತಾ ಹೋಗ್ತಾ ಇಳಿಯುತ್ತೆ. ಮೊದಲ ಹತ್ತು ನಿಮಿಷದ ಜೋರು ಶಾಖಕ್ಕೆ ಬ್ರೆಡ್ ಚಂಗನೆ ಉಬ್ಬುತ್ತೆ. ಮುಚ್ಚಿದ ಒಲೆಯಲ್ಲಿ ಅಷ್ಟೂ ಬ್ರೆಡ್ಡಿನ ತೇವ ಹಬೆಯಾಗಿ ನಿಂತು ಮೇಲ್ಮೈ ಬೇಗ ಒಣಗಕ್ಕೆ ಬಿಡಲ್ಲ. ಆಮೇಲೆ ಇಳಿಯೋ ಶಾಖಕ್ಕೆ ಸಿಪ್ಪೆ ಸೀಯದೆ ಒಳಗಿನ ತನಕ ಬೇಯುತ್ತೆ. ಮನೆಯಲ್ಲಿ ನಾವು ನಕಲು ಮಾಡಬೇಕಾದ್ದು ಇದನ್ನೇ.

ಮನೆಯಲ್ಲಿ ಮಾಡೋ ಅಳತೆ

ಎರಡು ಬ್ರೆಡ್ಡಿಗೆ ಅರ್ಧ ಕೆ.ಜಿ. ಹಿಟ್ಟು. ಮೈದಾ ಇಷ್ಟ ಇಲ್ಲದವರು ಅರ್ಧ ಮೈದಾ, ಅರ್ಧ ಗೋಧಿ ಹಿಟ್ಟು ಹಾಕಿ. ಪೂರ್ತಿ ಗೋಧಿ ಹಿಟ್ಟೇ ಅಂದರೆ ಹೊಟ್ಟಿನ ಚೂರುಗಳು ಅಂಟಿನ ಎಳೆಗಳನ್ನು ಕತ್ತರಿಸುತ್ತವೆ, ಬ್ರೆಡ್ ಗಟ್ಟಿ ಆಗುತ್ತೆ. ಒಣ ಯೀಸ್ಟ್ 7 ಗ್ರಾಂ, ಅಂದರೆ ಎರಡು ಚಮಚಕ್ಕಿಂತ ಚೂರು ಜಾಸ್ತಿ. ಉಪ್ಪು ಒಂದೂವರೆ ಚಮಚ. ಸಕ್ಕರೆ ಇಲ್ಲವೇ ಜೇನು ಒಂದು ದೊಡ್ಡ ಚಮಚ. ನೀರು 300 ಮಿಲಿ, ಗೋಧಿ ಹಿಟ್ಟು ಬೆರೆಸಿದ್ರೆ ಇನ್ನೊಂದು 30 ಮಿಲಿ ಬೇಕಾಗುತ್ತೆ. ಕೊಬ್ಬು ಎರಡು ದೊಡ್ಡ ಚಮಚ. ಪ್ಯೂಬ್ಲೊ ಮನೆಗಳಲ್ಲಿ ಅದು ಹಂದಿ ಕೊಬ್ಬು. ಕೊಬ್ಬಿನ ಕೆಲಸ ಏನಂದರೆ ಅಂಟಿನ ಎಳೆಗಳಿಗೆ ಸವರಿಕೊಂಡು ಬ್ರೆಡ್ಡನ್ನು ಮೆತ್ತಗೆ ಇಡೋದು, ಎರಡು ದಿನ ಒಣಗದಂತೆ ನೋಡೋದು. ನಮ್ಮ ಮನೆಯಲ್ಲಿ ತುಪ್ಪ ಹಾಕ್ತೀವಿ, ಅದೇ ಅಳತೆ. ಹಾಲಿಲ್ಲ, ಮೊಟ್ಟೆ ಇಲ್ಲ.

ಯೀಸ್ಟ್ ಅನ್ನೋದು ಪುಡಿ ಅಲ್ಲ, ಜೀವ. ನಿದ್ದೆ ಮಾಡ್ತಿರೋ ಶಿಲೀಂಧ್ರ. ಟ್ರೈಕೋಡರ್ಮಾ ಪ್ಯಾಕೆಟ್ ಬಿಸಿಲಿಗೆ ಇಟ್ಟರೆ ಏನಾಗುತ್ತೆ ಅಂತ ನಿಮಗೆ ಗೊತ್ತಲ್ಲ, ಇದೂ ಹಾಗೇ. ತೆರೆದ ಪ್ಯಾಕೆಟ್ ಗಾಳಿ ಆಡದ ಡಬ್ಬದಲ್ಲಿ ಫ್ರಿಜ್ಜಿನಲ್ಲಿಡಿ. ಬೆಚ್ಚಗಿನ ನೀರಿಗೆ ಸಕ್ಕರೆ ಹಾಕಿ ಯೀಸ್ಟ್ ಉದುರಿಸಿ. ಮಗುವಿನ ಸ್ನಾನದ ನೀರಿನಷ್ಟು ಬಿಸಿ ಸಾಕು, 38ರಿಂದ 40 ಡಿಗ್ರಿ. ಬೆರಳು ಚುರ್ ಅಂದರೆ ಯೀಸ್ಟ್ ಸಾಯುತ್ತೆ. ಹತ್ತು ನಿಮಿಷಕ್ಕೆ ನೊರೆ ಬರಬೇಕು. ಬರಲಿಲ್ಲವೋ, ಅಲ್ಲೇ ನಿಲ್ಲಿಸಿ, ಹಿಟ್ಟು ಹಾಳು ಮಾಡಬೇಡಿ. ಅಂಗಡಿ ಯೀಸ್ಟ್ ಬರೋಕೆ ಮುಂಚೆ ಹಿಂದಿನ ಹಿಟ್ಟಿನ ಒಂದು ಉಂಡೆ ಎತ್ತಿಟ್ಟು ಹುಳಿ ಬರಿಸಿ ಮಾಡುತ್ತಿದ್ದರು, ದೋಸೆ ಹಿಟ್ಟಿನ ಹಾಗೆ. ಝೂನಿಯ ಹುಳಿ ಬ್ರೆಡ್ ಇವತ್ತಿಗೂ ಹೆಸರುವಾಸಿ. ಗೋವಾದಲ್ಲಿ ಆ ಕೆಲಸಕ್ಕೆ ಸೇಂದಿ ಇತ್ತು.

ಉಪ್ಪು, ತುಪ್ಪ, ಹಿಟ್ಟು ಸೇರಿಸಿ ಹತ್ತು ಹನ್ನೆರಡು ನಿಮಿಷ ನಾದಿ. ಇದು ಚಪಾತಿ ಹಿಟ್ಟಲ್ಲ. ಅಂಗೈ ಹಿಮ್ಮಡಿಯಿಂದ ದೂಡಿ, ಮಡಚಿ, ತಿರುಗಿಸಿ, ಮತ್ತೆ ದೂಡಬೇಕು. ಒಂದು ಚೂರು ತೆಗೆದು ಬೆರಳಲ್ಲಿ ಹಿಗ್ಗಿಸಿದ್ರೆ ಹರಿಯದೆ ತೆಳ್ಳಗೆ ಪರದೆ ಆಗಬೇಕು. ಎಣ್ಣೆ ಸವರಿದ ಪಾತ್ರೆಯಲ್ಲಿ ಮುಚ್ಚಿಡಿ. ಬೇಸಿಗೆಯಲ್ಲಿ ಮುಕ್ಕಾಲು ಗಂಟೆಗೆ ದುಪ್ಪಟ್ಟಾಗುತ್ತೆ, ಡಿಸೆಂಬರ್ ಬೆಳಗಿನಲ್ಲಿ ಎರಡು ಗಂಟೆ ಹಿಡಿಯುತ್ತೆ. ಗಡಿಯಾರ ನೋಡಬೇಡಿ, ಹಿಟ್ಟು ನೋಡಿ. ರಾತ್ರಿಯಿಡೀ ಬಿಡಬೇಕು ಅಂದರೆ ಯೀಸ್ಟ್ ಕಾಲು ಭಾಗಕ್ಕೆ ಇಳಿಸಿ ಫ್ರಿಜ್ಜಿನಲ್ಲಿಡಿ. ಅಲ್ಲಿನ ರಾತ್ರಿ ತಂಪು. ಟಾವೋಸ್ ಸಮುದ್ರಮಟ್ಟದಿಂದ 2,100 ಮೀಟರ್ ಎತ್ತರದಲ್ಲಿದೆ, ಬೇಸಿಗೆಯಲ್ಲೂ ಇರುಳು ಚಳಿ. ನಮ್ಮ ಏಪ್ರಿಲ್ ರಾತ್ರಿಯಲ್ಲಿ ಹೊರಗೆ ಬಿಟ್ಟರೆ ಬೆಳಿಗ್ಗೆಗೆ ಹೆಂಡದ ವಾಸನೆ.

ಉಬ್ಬಿದ ಹಿಟ್ಟನ್ನು ಮೆಲ್ಲಗೆ ಅದುಮಿ ಎರಡು ಮಾಡಿ, ಅಂಚುಗಳನ್ನು ಕೆಳಗೆ ಎಳೆದು ಬಿಗಿಯಾದ ಉಂಡೆ ಕಟ್ಟಿ. ಸಾದಾ ದುಂಡಗೆ ಬಿಡಬಹುದು. ಪ್ಯೂಬ್ಲೊ ಹೆಂಗಸರು ಇನ್ನೊಂದು ಆಕಾರವನ್ನೂ ಮಾಡುತ್ತಾರೆ. ಅಗಲಕ್ಕೆ ತಟ್ಟಿ ಅರ್ಧಕ್ಕೆ ಮಡಚಿ, ಬಾಗಿದ ಅಂಚಿನಲ್ಲಿ ಎರಡು ಮೂರು ಕಡೆ ಆಳವಾಗಿ ಕತ್ತರಿಸಿ ಬಿಡಿಸಿದರೆ ಕರಡಿ ಪಂಜದ ಹಾಗೆ ಕಾಣುತ್ತೆ. ಚೆಂದಕ್ಕೆ ಮಾತ್ರ ಅಲ್ಲ, ಅಂಚು ಜಾಸ್ತಿ ಇದ್ದಷ್ಟೂ ಗರಿ ಗರಿ ಸಿಪ್ಪೆ ಜಾಸ್ತಿ, ಮುರಿದು ಹಂಚೋಕೂ ಸುಲಭ. ಮತ್ತೆ ಅರ್ಧ ಗಂಟೆ ಮುಚ್ಚಿಡಿ. ಬೆರಳಲ್ಲಿ ಒತ್ತಿದ ಗುಳಿ ನಿಧಾನ ಅರ್ಧ ಮಾತ್ರ ಮೇಲೆ ಬಂದರೆ ಬೇಯಿಸೋಕೆ ತಯಾರು.

ಓವನ್ ಇದ್ದರೆ ಒಳಗೆ ಒಂದೆರಡು ಚೊಕ್ಕ ಕೆಂಪು ಇಟ್ಟಿಗೆಯೋ ದಪ್ಪ ಕಬ್ಬಿಣದ ತವೆಯೋ ಇಟ್ಟು 230 ಡಿಗ್ರಿಗೆ ಅರ್ಧ ಗಂಟೆ ಕಾಯಿಸಿ. ಬ್ರೆಡ್ ಅದರ ಮೇಲಿಟ್ಟು, ಕೆಳಗಿನ ತಟ್ಟೆಗೆ ಅರ್ಧ ಲೋಟ ಬಿಸಿನೀರು ಹುಷಾರಾಗಿ ಸುರಿದು ಬಾಗಿಲು ಹಾಕಿ. ಹತ್ತು ನಿಮಿಷಕ್ಕೆ 190ಕ್ಕೆ ಇಳಿಸಿ, ಇನ್ನು ಅರ್ಧ ಗಂಟೆ. ತಳ ತಟ್ಟಿದರೆ ಟೊಳ್ಳು ಸದ್ದು ಬರಬೇಕು, ಹಣ್ಣಾದ ಕಲ್ಲಂಗಡಿ ತಟ್ಟಿದ ಹಾಗೆ. ಓವನ್ ಇಲ್ಲವಾ? ಹಳೇ ದಪ್ಪ ತಳದ ಪಾತ್ರೆಗೆ ಎರಡು ಇಂಚು ಮರಳು ಹಾಕಿ, ಗಟ್ಟಿ ಮುಚ್ಚಳ ಮುಚ್ಚಿ, ಇಪ್ಪತ್ತು ನಿಮಿಷ ಕಾಯಿಸಿ. ತಟ್ಟೆಯಲ್ಲಿ ಬ್ರೆಡ್ ಒಳಗಿಟ್ಟು ಹತ್ತು ನಿಮಿಷ ಜೋರು, ಆಮೇಲೆ ನಲವತ್ತು ನಿಮಿಷ ಸಣ್ಣ ಉರಿ. ಮೇಲ್ಭಾಗ ಬಿಳಿಚಿಕೊಂಡಿದ್ದರೆ ಕೊನೆಗೆ ಕಾದ ಹಂಚಿನ ಮೇಲೆ ಎರಡು ನಿಮಿಷ ತಿರುವಿ ಹಾಕಿ. ಬಿಸಿ ಇದ್ದಾಗಲೇ ಕುಯ್ಯಬೇಡಿ, ಒಳಗೆ ಇನ್ನೂ ಬೇಯ್ತಾ ಇರುತ್ತೆ. ಈ ಮಾತನ್ನು ನಮ್ಮ ಮನೆಯಲ್ಲಿ ಯಾರೂ ಕೇಳಲ್ಲ.

ನಾನು ಕಟ್ಟಿದ ಒಲೆ ಒಡೆದ ಕಥೆ

ವಾಪಸ್ ಬಂದ ವರ್ಷ ತೋಟದಲ್ಲೇ ಓರ್ನೊ ಕಟ್ಟಿದೆ. ಮಣ್ಣು ಎಲ್ಲಿಂದ ತರೋದು ಅಂತ ಯೋಚನೆ ಕೂಡ ಮಾಡಲಿಲ್ಲ, ಕಾಲಡಿ ಇದ್ದ ಎರೆಮಣ್ಣನ್ನೇ ಕಲಸಿದೆ. ಕಾಲೇಜಿನಲ್ಲಿ ಮಣ್ಣುಶಾಸ್ತ್ರ ಓದಿದವಳು ನಾನು! ಎರೆಮಣ್ಣು ನೀರು ಕುಡಿದು ಹಿಗ್ಗುತ್ತೆ, ಒಣಗಿ ಕುಗ್ಗುತ್ತೆ, ಬೇಸಿಗೆಯಲ್ಲಿ ಹೊಲದಲ್ಲಿ ಕೈ ತೂರುವಷ್ಟು ಬಿರುಕು ಬಿಡುತ್ತೆ ಅಂತ ಪರೀಕ್ಷೆಯಲ್ಲಿ ಬರೆದು ಅಂಕ ತಗೊಂಡಿದ್ದೆ. ಮೂರನೇ ದಿನ ಒಲೆ ನೆತ್ತಿಯಿಂದ ಬಾಯಿವರೆಗೆ ಸೀಳಿತು. ಅಪ್ಪ ಸುತ್ತ ಒಂದು ಸಲ ತಿರುಗಿ, "ಮಸಾರಿ ಮಣ್ಣ ತರಬೇಕಿತ್ತು" ಅಂತಷ್ಟೇ ಹೇಳಿ ಹೋದರು.

ಎರಡನೇ ಸಲ ಮಸಾರಿ ಕೆಮ್ಮಣ್ಣು ತಂದೆ. ಗಾಜಿನ ಬಾಟಲಿಗೆ ಮೂರನೇ ಒಂದು ಪಾಲು ಮಣ್ಣು, ಉಳಿದದ್ದು ನೀರು, ಚೂರು ಉಪ್ಪು ಹಾಕಿ ಕುಲುಕಿ ಒಂದು ದಿನ ಬಿಟ್ಟೆ. ತಳಕ್ಕೆ ಮರಳು, ಮೇಲೆ ಗೋಡು, ಅದರ ಮೇಲೆ ಜೇಡಿ ಪದರ ಪದರವಾಗಿ ಕೂರುತ್ತೆ. ಜೇಡಿ ಕಾಲು ಭಾಗದಷ್ಟಿದ್ದರೆ ಒಲೆಗೆ ಸರಿ, ಜಾಸ್ತಿ ಇದ್ದರೆ ಮರಳು ಸೇರಿಸಿ. ಹುಲ್ಲು ಕತ್ತರಿಸಿ ಬೆರೆಸಿ ತುಳಿದು ಒಂದು ರಾತ್ರಿ ನೆನೆಯಲು ಬಿಡಿ. ಕಲ್ಲಿನ ಕಟ್ಟೆ ಮೇಲೆ ಇಟ್ಟಿಗೆ ಹಾಸಿ, ಒದ್ದೆ ಮರಳಿನ ಗುಡ್ಡೆ ಮಾಡಿ, ಒದ್ದೆ ಕಾಗದ ಹೊದಿಸಿ, ಮೇಲೆ ಗೇಣುದ್ದಕ್ಕಿಂತ ಸ್ವಲ್ಪ ಕಡಿಮೆ ದಪ್ಪಕ್ಕೆ ಮಣ್ಣು ಮೆತ್ತಿದೆ. ಗಟ್ಟಿಯಾದ ಮೇಲೆ ಬಾಯಿ ಕೊರೆದು ಮರಳು ತೆಗೆದೆ. ಪ್ಯೂಬ್ಲೊದವರು ಹೀಗಲ್ಲ, ಇಟ್ಟಿಗೆಯನ್ನೇ ಸುತ್ತಲೂ ಒಳಕ್ಕೆ ಬಾಗಿಸ್ತಾ ಕಟ್ಟುತ್ತಾರೆ. ನನಗೆ ಆ ಕೈ ಇಲ್ಲ. ಮೂರು ವಾರ ನೆರಳಲ್ಲಿ ಒಣಗಲು ಬಿಟ್ಟು, ಆಮೇಲೆ ದಿನಾ ಸಣ್ಣ ಸಣ್ಣ ಬೆಂಕಿ. ಬಾಯಿ ಗಾಳಿಗೆ ಎದುರಾಗಿರಬಾರದು, ಮೇಲೆ ಒಂದು ತಗಡಿನ ಸೂರು ಬೇಕೇ ಬೇಕು, ನಮ್ಮ ಮಳೆ ನ್ಯೂ ಮೆಕ್ಸಿಕೊದ ಮಳೆಯಲ್ಲ. ಕಟ್ಟಿಗೆಗೆ ಒಣ ಜಾಲಿ ಚೆನ್ನಾಗಿ ಉರಿಯುತ್ತೆ. ಬಣ್ಣ ಬಳಿದ ಹಲಗೆ, ಕಣಗಿಲೆ ಕಟ್ಟಿಗೆ ಮಾತ್ರ ಹತ್ತಿರ ತರಬೇಡಿ. ಕಣಗಿಲೆ ವಿಷ.

ಶಾಖ ನೋಡೋಕೆ ನಾನು ಒಂದು ಚಿಟಿಕೆ ಹಿಟ್ಟು ತಳಕ್ಕೆ ಉದುರಿಸಿ ಎಣಿಸ್ತೀನಿ. ಐದರೊಳಗೆ ಕಪ್ಪಾದರೆ ಕಾಯ್ತೀನಿ, ಇಪ್ಪತ್ತರ ಹೊತ್ತಿಗೆ ಕಂದಾದರೆ ಬ್ರೆಡ್ ಒಳಗೆ. ಒಂದು ಸಲ ಒಲೆ ಹೊತ್ತಿಸಿದರೆ ಎರಡು ಬ್ರೆಡ್ ಮಾಡೋದು ಕಟ್ಟಿಗೆಗೆ ಮಾಡೋ ಅನ್ಯಾಯ. ಅದು ಊರಿನ ಒಲೆ, ಹತ್ತಾರು ಬ್ರೆಡ್ಡಿಗೆ ಅಂತಲೇ ಇರೋದು. ಹಾಗಾಗಿ ನಮ್ಮಲ್ಲಿ ತಿಂಗಳಿಗೊಮ್ಮೆ, ಅಕ್ಕಪಕ್ಕದ ನಾಲ್ಕು ಮನೆ ಹಿಟ್ಟು ಸೇರಿಸಿ. ಬ್ರೆಡ್ ತೆಗೆದ ಮೇಲೆ ಉಳಿದ ಶಾಖಕ್ಕೆ ಗೆಣಸು, ಅದು ಆದ ಮೇಲೆ ಒಣಗಲು ಟೊಮೆಟೊ ಹೋಳು.

ಹಾಗಾದ್ರೆ ಜವೆ ಗೋಧಿಯಲ್ಲಿ ಆಗುತ್ತಾ?

ಪೂರ್ತಿ ಜವೆಯಲ್ಲಿ ಆಗಲ್ಲ. ಫೋನ್ ಮಾಡಿದವರಿಗೆ ಈಗ ನೇರ ಹೇಳ್ತೀನಿ. ಅದರಲ್ಲಿ ಪ್ರೋಟೀನ್ ಇದೆ, ಆದರೆ ಅಂಟಿಗೆ ಬಲ ಇಲ್ಲ. ಎಳೆದರೆ ಹಿಗ್ಗುತ್ತೆ, ವಾಪಸ್ ಬರಲ್ಲ. ಯೀಸ್ಟ್ ಬಿಟ್ಟ ಗಾಳಿ ನಿಲ್ಲಲ್ಲ. ಇದು ತಳಿ ಬದಲಿಸಿದರೆ ಹೋಗೋ ದೋಷ ಅಲ್ಲ. ಧಾರವಾಡ ಕೃಷಿ ವಿಶ್ವವಿದ್ಯಾಲಯದ ಡಿಡಿಕೆ 1029 ಗಿಡ್ಡ ತಳಿ, ಇಳುವರಿ ಚೆನ್ನಾಗಿದೆ, ಅದರದ್ದೂ ಇದೇ ಗುಣ. ಹುಗ್ಗಿಗೆ, ರವೆಗೆ, ಶಾವಿಗೆಗೆ ಹುಟ್ಟಿದ ಗೋಧಿ ಅದು.

ನಾನು ಅರ್ಧಕ್ಕರ್ಧ ಹಾಕಿ ನೋಡಿದೆ. ಚಪ್ಪಟೆ, ಆದರೆ ತಿನ್ನಬಹುದು. ಕಾಲು ಭಾಗ ಜವೆ, ಮುಕ್ಕಾಲು ಮೈದಾ ಇಲ್ಲವೇ ಬ್ರೆಡ್ ಗೋಧಿ ಹಿಟ್ಟು ಅಂದರೆ ಬಹಳ ಚೆನ್ನ. ಬಣ್ಣ ಕೆಂಪಗೆ, ರುಚಿಗೆ ಹುರಿದ ಕಾಳಿನ ಘಮ. ಜವೆ ಸೇರಿಸಿದಾಗ ನೀರು ಒಂದೆರಡು ಚಮಚ ಕಡಿಮೆ ಮಾಡಿ, ನಾದೋದು ಆರೇಳು ನಿಮಿಷಕ್ಕೆ ನಿಲ್ಲಿಸಿ, ಜಾಸ್ತಿ ನಾದಿದರೆ ಎಳೆ ಹರಿದು ಹಿಟ್ಟು ಅಂಟಂಟಾಗುತ್ತೆ. ಎರಡನೇ ಸಲ ಉಬ್ಬಿಸೋದನ್ನು ಇಪ್ಪತ್ತು ನಿಮಿಷಕ್ಕೆ ಮುಗಿಸಿ. ಈ ಅಳತೆ ಬರೆದ ಚೀಟಿ ಇಟ್ಟು ಕೊಡೋಕೆ ಶುರು ಮಾಡಿದ ಮೇಲೆ ಈ ವರ್ಷ ಎರಡು ಕ್ವಿಂಟಲ್ ಬೀಸಿದ ಹಿಟ್ಟಾಗಿ ಹೋಯ್ತು. ಕಾಲು ಭಾಗ ಅಂದರೆ ಕಾಲು ಭಾಗವೇ ಸರಿ. ಬಿತ್ತನೆಗೆ ತೆಗೆದಿಟ್ಟ ಬೀಜ ಈ ಸಲ ಹೊಟ್ಟೆಗೆ ಹೋಗಲಿಲ್ಲ.

ಬ್ರೆಡ್ ಉಳಿದು ಒಣಗಿದರೆ ಎಸೆಯಬೇಡಿ. ಪ್ಯೂಬ್ಲೊ ಹಬ್ಬದ ಊಟದಲ್ಲಿ ಕೊನೆಗೆ ಒಣ ಬ್ರೆಡ್ಡಿನ ಸಿಹಿ ಬಡಿಸುತ್ತಾರೆ. ಹೋಳು ಮಾಡಿದ ಬ್ರೆಡ್, ಸುಟ್ಟ ಸಕ್ಕರೆಯ ಪಾಕ, ದ್ರಾಕ್ಷಿ, ಚೀಸ್, ದಾಲ್ಚಿನ್ನಿ ಹಾಕಿ ಬೇಯಿಸಿದ್ದು. ಅವ್ವ ಅದನ್ನು ಬೆಲ್ಲದ ಪಾಕದಲ್ಲಿ ಮಾಡ್ತಾಳೆ, ಚೀಸ್ ಬದಲು ಗಟ್ಟಿ ಕೆನೆ, ದಾಲ್ಚಿನ್ನಿ ಬದಲು ಏಲಕ್ಕಿ. ನಾಲ್ಕು ದಿನದ ಹಳೇ ಬ್ರೆಡ್ ಇದ್ದಷ್ಟೂ ಒಳ್ಳೇದು, ಹೊಸದು ಪಾಕ ಕುಡಿದು ಮುದ್ದೆಯಾಗುತ್ತೆ.